ಹಾಡುವವರ ಕೈಗೆ ಕುಂಚ ಬಂದಾಗ

ಹೆಸರಾದ ಸಂಗೀತಗಾರರೊಬ್ಬರು ಚಿತ್ರ ಬರೆಯತೊಡಗಿದ್ದಾರೆ ಎಂಬ ಸುದ್ದಿ ಪತ್ರಿಕೆಯಲ್ಲಿ ಬಂದಾಗ ಅದರ ಜೊತೆಗಿರುವ ಫೋಟೋವನ್ನು ಒಮ್ಮೆ ಗಮನವಿಟ್ಟು ನೋಡಿ. ಗಾಯಕರ ಮುಖ ದೊಡ್ಡದಾಗಿರುತ್ತದೆ. ಅವರು ಬರೆದ ಚಿತ್ರ ಹೆಗಲ ಹಿಂದೆ ಅರ್ಧ ಮರೆಯಾಗಿ, ಗಾಜಿನ ಮೇಲೆ ದೀಪದ ಹೊಳಪು ಬಿದ್ದು, ಏನೆಂದೇ ತಿಳಿಯದಂತಿರುತ್ತದೆ. ಕೆಳಗಿನ ಬರಹದಲ್ಲಿ ಅವರು ಹಾಡಿದ ಹಾಡುಗಳ ಲೆಕ್ಕ, ಬಂದ ಪ್ರಶಸ್ತಿಗಳ ಪಟ್ಟಿ, ಬಿಡುವಿನ ವೇಳೆಯಲ್ಲಿ ಕುಂಚ ಹಿಡಿಯುವ ಅವರ ಉತ್ಸಾಹದ ವರ್ಣನೆ ಎಲ್ಲವೂ ಇರುತ್ತವೆ. ಚಿತ್ರದ ಬಗ್ಗೆ ಮಾತ್ರ ‘ಅದ್ಭುತ’ ಎಂಬ ಒಂದೇ ಪದ. ಯಾವ ಬಣ್ಣ ಬಳಸಿದ್ದಾರೆ, ರೇಖೆ ಗಟ್ಟಿಯಾಗಿದೆಯೇ, ಎಲ್ಲಿ ತಡವರಿಸಿದೆ, ಯಾವುದನ್ನು ಕಂಡು ಬರೆದದ್ದು ಎಂದು ಹೇಳುವವರೇ ಇಲ್ಲ.

ಓದುವ ನಾವಾದರೂ ಅಷ್ಟೇ. ನಮ್ಮಲ್ಲಿ ಅರ್ಧ ಮಂದಿ ‘ದೊಡ್ಡವರು ಮುಟ್ಟಿದ್ದೆಲ್ಲ ಚಿನ್ನ’ ಎನ್ನುತ್ತೇವೆ. ಇನ್ನರ್ಧ ಮಂದಿ ‘ಚೆನ್ನಾಗಿ ಹಾಡಿಕೊಂಡಿರುವುದು ಬಿಟ್ಟು ಇವರಿಗೆ ಇದೆಲ್ಲ ಯಾಕೆ ಬೇಕಿತ್ತು’ ಎನ್ನುತ್ತೇವೆ. ಮೊದಲಿನವರು ಅಭಿಮಾನಿಗಳು, ಎರಡನೆಯವರು ಸಂಶಯದವರು. ಆದರೆ ಇಬ್ಬರಿಗೂ ಸಮಾನವಾದ ಸಂಗತಿಯೊಂದಿದೆ: ಇಬ್ಬರೂ ಚಿತ್ರವನ್ನು ನೋಡಿಲ್ಲ.

ಒಂದು ಕಲೆಯಲ್ಲಿ ಗೆದ್ದವರು ಇನ್ನೊಂದು ಕಲೆಯ ಹೊಸಿಲು ತುಳಿದಾಗ ನಾವು ಏನನ್ನು ನೋಡಬೇಕು, ಹೇಗೆ ನೋಡಬೇಕು ಎಂಬುದು ಬರೀ ಕಲಾವಿಮರ್ಶಕರ ತಲೆನೋವೆಂದು ನನಗೆ ಅನ್ನಿಸುವುದಿಲ್ಲ. ಅದು ನಮ್ಮ ಮನೆಗಳ ಒಳಗಿನ ಪ್ರಶ್ನೆಯೂ ಹೌದು. ಹೇಗೆಂದು ಕೊನೆಯಲ್ಲಿ ಹೇಳುತ್ತೇನೆ. ಮೊದಲು ದೊಡ್ಡವರ ವಿಚಾರ ನೋಡೋಣ.

ಹೆಸರು ಚಿತ್ರಕ್ಕಿಂತ ಮುಂದೆ ಹೋಗಿ ನಿಂತರೆ ಏನಾಗುತ್ತದೆ ಎಂಬುದಕ್ಕೆ ಅಮೆರಿಕದ ಹಾಡುಗಾರ ಬಾಬ್ ಡಿಲನ್ ಒಂದು ಉದಾಹರಣೆ. ತಮ್ಮ ಹಾಡುಗಳಿಗಾಗಿ 2016ರಲ್ಲಿ ಸಾಹಿತ್ಯದ ನೊಬೆಲ್ ಪಡೆದವರು ಅವರು. ಚಿತ್ರ ಬರೆಯುವ ಗೀಳು ಅವರಿಗೆ ಬಹಳ ಹಿಂದಿನಿಂದಲೇ ಇತ್ತು. 2011ರಲ್ಲಿ ನ್ಯೂಯಾರ್ಕಿನ ಪ್ರತಿಷ್ಠಿತ ಗ್ಯಾಲರಿಯೊಂದರಲ್ಲಿ ಏಷ್ಯಾ ಖಂಡದ ಜನಜೀವನವನ್ನು ಕುರಿತ ಅವರ ಚಿತ್ರಗಳ ಪ್ರದರ್ಶನ ನಡೆಯಿತು. ಪ್ರವಾಸದಲ್ಲಿ ಕಣ್ಣಾರೆ ಕಂಡ ನೋಟಗಳು ಎಂಬಂತೆ ಮೊದಲು ಪ್ರಚಾರವಾಗಿತ್ತು. ಕೆಲವೇ ದಿನಗಳಲ್ಲಿ ನೋಡುಗರು ಒಂದೊಂದಾಗಿ ಗುರುತಿಸತೊಡಗಿದರು: ಈ ಚಿತ್ರ ಇಂಥವರು ತೆಗೆದ ಹಳೆಯ ಫೋಟೋವಿನಂತೆಯೇ ಇದೆಯಲ್ಲ, ಆ ಚಿತ್ರ ಕಾರ್ತಿಯೇ ಬ್ರೆಸ್ಸೋನ ಫೋಟೋವಿನ ಪಡಿಯಚ್ಚಲ್ಲವೇ ಎಂದು. ಫೋಟೋ ನೋಡಿ ಚಿತ್ರ ಬರೆಯುವುದು ತಪ್ಪೇನಲ್ಲ; ಬಹಳ ಚಿತ್ರಗಾರರು ಬರೆದಿದ್ದಾರೆ. ಇಲ್ಲಿ ನನಗೆ ಮುಖ್ಯವಾಗಿ ಕಾಣುವುದು ಬೇರೆ. ಚಿತ್ರವನ್ನೇ ನಿಂತು ನೋಡಿದವರು ಕೆಲವರಿದ್ದರು, ಆದ್ದರಿಂದ ಸತ್ಯ ಹೊರಬಂತು. ಹೆಸರನ್ನು ಮಾತ್ರ ನೋಡಿದವರಿಗೆ ಅದು ಎಂದೂ ಗೊತ್ತಾಗುತ್ತಿರಲಿಲ್ಲ.

ಇದಕ್ಕೆ ವಿರುದ್ಧವಾದ ಉದಾಹರಣೆ ನಮ್ಮ ದೇಶದಲ್ಲೇ ಇದೆ. ರವೀಂದ್ರನಾಥ ಠಾಕೂರರೆಂದರೆ ನಮಗೆ ಕವಿ, ‘ಗೀತಾಂಜಲಿ’, 1913ರ ನೊಬೆಲ್. ಬಂಗಾಳಿಗಳಿಗೆ ಅವರು ಅದಕ್ಕಿಂತ ಹೆಚ್ಚಾಗಿ ಸಂಗೀತಗಾರರು. ಎರಡು ಸಾವಿರಕ್ಕೂ ಮೀರಿ ಹಾಡುಗಳನ್ನು ಬರೆದು ಅವುಗಳಲ್ಲಿ ಹೆಚ್ಚಿನವಕ್ಕೆ ತಾವೇ ರಾಗ ಕೂಡಿಸಿದವರು. ದ್ರುಪದ, ಕೀರ್ತನ, ಬಾವುಲರ ಹಾಡು, ಪಶ್ಚಿಮದ ಧಾಟಿ ಎಲ್ಲವನ್ನೂ ಅರಗಿಸಿಕೊಂಡವರು. ಅದರಲ್ಲಿ ನಮ್ಮ ಪಾಲೂ ಒಂದಿಷ್ಟಿದೆ. ಅವರ ಅಕ್ಕನ ಮಗಳು ಸರಳಾದೇವಿ ಹತ್ತೊಂಬತ್ತನೆಯ ಶತಮಾನದ ಕೊನೆಗೆ ಮೈಸೂರಿನ ಮಹಾರಾಣಿ ಶಾಲೆಯಲ್ಲಿ ಕೆಲಕಾಲ ಪಾಠ ಹೇಳಿದವರು. ಮದುವೆಯಾಗದ ಬಂಗಾಳಿ ಹುಡುಗಿಯೊಬ್ಬಳು ಅಷ್ಟು ದೂರ ಬಂದು ಕೆಲಸ ಮಾಡಿದ್ದೇ ಆ ಕಾಲಕ್ಕೆ ದೊಡ್ಡ ಮಾತು. ಆಕೆ ಇಲ್ಲಿ ಕೇಳಿದ ಧಾಟಿಗಳನ್ನು ಹೊತ್ತುಕೊಂಡು ಹೋಗಿ ಸೋದರಮಾವನಿಗೆ ಕೇಳಿಸಿದರು. ‘ಆನಂದಲೋಕೆ’ ಎಂದು ಆರಂಭವಾಗುವ ಅವರ ಪ್ರಸಿದ್ಧ ಹಾಡಿನ ಧಾಟಿ ಹೀಗೆ ಮೈಸೂರಿನಿಂದ ಹೋದದ್ದು.

ಇಂಥ ಸಂಗೀತಗಾರ ಅರವತ್ತು ದಾಟಿದ ಮೇಲೆ ಚಿತ್ರಕ್ಕೆ ಕೈ ಹಾಕಿದರು. ಆರಂಭವಾದ ಬಗೆ ವಿಚಿತ್ರವಾಗಿದೆ. ಹಸ್ತಪ್ರತಿಯಲ್ಲಿ ಬೇಡವಾದ ಪದಗಳನ್ನು ಹೊಡೆದುಹಾಕುವಾಗ ಆ ಕಾಟುಗಳನ್ನು ಹಾಗೆಯೇ ಬಿಡಲು ಅವರಿಗೆ ಮನಸ್ಸಾಗುತ್ತಿರಲಿಲ್ಲ. ಒಂದು ಕಾಟಿಗೆ ಇನ್ನೊಂದನ್ನು ಕೂಡಿಸಿ, ಅದಕ್ಕೊಂದು ಕೊಕ್ಕು, ಒಂದು ಬಾಲ, ಒಂದು ಕಣ್ಣು ಬರೆದು ಪುಟದ ಮೇಲೆ ಎಂದೂ ಕಾಣದ ಪ್ರಾಣಿಯೊಂದನ್ನು ಹುಟ್ಟಿಸಿಬಿಡುತ್ತಿದ್ದರು. 1924ರಲ್ಲಿ ಕಾಯಿಲೆ ಬಿದ್ದು ಅರ್ಜೆಂಟೀನಾದಲ್ಲಿ ತಂಗಿದ್ದಾಗ ‘ಪೂರಬಿ’ ಸಂಕಲನದ ಹಸ್ತಪ್ರತಿಯಲ್ಲಿ ಇಂಥ ಆಟ ಬಹಳ ನಡೆಯಿತು. ಅವರಿಗೆ ಆತಿಥ್ಯ ನೀಡಿದ್ದ ಲೇಖಕಿ ವಿಕ್ಟೋರಿಯಾ ಒಕಾಂಪೊ ಅದನ್ನು ಕಂಡು ಇದು ಬರೀ ಆಟವಲ್ಲ ಎಂದು ಗುರುತಿಸಿದರು. ಗುರುತಿಸಿದ್ದು ಒಬ್ಬ ಹೆಣ್ಣುಮಗಳು ಎಂಬುದನ್ನು ಇಲ್ಲಿ ನೆನಪಿಟ್ಟುಕೊಳ್ಳೋಣ.

1928ರಲ್ಲಿ ರವೀಂದ್ರರು ಬೆಂಗಳೂರಿಗೂ ಬಂದಿದ್ದರು. ಆಗ ಮೈಸೂರು ವಿಶ್ವವಿದ್ಯಾನಿಲಯದ ಕುಲಪತಿಗಳಾಗಿದ್ದವರು ಅವರ ಹಳೆಯ ಗೆಳೆಯ ಬ್ರಜೇಂದ್ರನಾಥ ಶೀಲರು. ಬಾಲಬ್ರೂಯಿ ಬಂಗಲೆಯಲ್ಲಿದ್ದುಕೊಂಡು ‘ಶೇಷೇರ್ ಕವಿತಾ’ ಕಾದಂಬರಿಯನ್ನು ಆ ಜೂನ್ ತಿಂಗಳಲ್ಲಿ ಮುಗಿಸಿದರು. ಅವರು ನೆಟ್ಟಗೆ ಕುಳಿತು ಚಿತ್ರ ಬರೆಯತೊಡಗಿದ್ದೂ ಹೆಚ್ಚುಕಡಿಮೆ ಅದೇ ವರ್ಷ. ಆಗ ಅವರಿಗೆ ಅರವತ್ತೇಳು. ಮುಂದೆ 1930ರ ಮೇ ತಿಂಗಳಲ್ಲಿ ಪ್ಯಾರಿಸ್ಸಿನ ಪಿಗಾಲ್ ಗ್ಯಾಲರಿಯಲ್ಲಿ ಮೊದಲ ಪ್ರದರ್ಶನ ನಡೆಯಿತು. ಅದಕ್ಕೆ ಓಡಾಡಿ ಏರ್ಪಾಡು ಮಾಡಿದವರು ಇದೇ ಒಕಾಂಪೊ. 1941ರಲ್ಲಿ ತೀರಿಕೊಳ್ಳುವ ಹೊತ್ತಿಗೆ ರವೀಂದ್ರರು ಬರೆದ ಚಿತ್ರಗಳ ಸಂಖ್ಯೆಯೂ ಎರಡು ಸಾವಿರ ದಾಟಿತ್ತು.

ಸರಿ, ಚಿತ್ರಗಳು ಹೇಗಿವೆ? ಅವರ ಹಾಡುಗಳನ್ನು ಕೇಳಿದವರು ಈ ಚಿತ್ರಗಳನ್ನು ನೋಡಿದರೆ ಬೆಚ್ಚುತ್ತಾರೆ. ಹಾಡುಗಳಲ್ಲಿ ಮುಂಜಾವಿನ ಬೆಳಕು, ಮಳೆ, ಮಲ್ಲಿಗೆ, ದೋಣಿ, ಶರದೃತುವಿನ ಬಿಳಿ ಮೋಡ. ಚಿತ್ರಗಳಲ್ಲಿ ಕಪ್ಪು, ಕಂದು, ಮಸಿಯ ಗೀಚು. ತಲೆಯ ಮೇಲೆ ಸೆರಗು ಹೊದ್ದ ಹೆಂಗಸಿನ ಉದ್ದನೆಯ ಮುಖಗಳು ಮತ್ತೆ ಮತ್ತೆ ಬರುತ್ತವೆ. ಕಣ್ಣು ದೊಡ್ಡವು, ತುಟಿ ಮುಚ್ಚಿದೆ, ನಗುವಿಲ್ಲ. ಅವಳು ಏನನ್ನೋ ಬಲ್ಲಳು, ಆದರೆ ಹೇಳಲಾರಳು ಎಂಬಂಥ ನೋಟ. ಎಲ್ಲೂ ಇಲ್ಲದ ಹಕ್ಕಿಗಳು, ಹಲ್ಲು ಕಿರಿಯುವ ಮೃಗಗಳು ಇವೆ. ಸಂಜೆಯ ಹಳದಿ ಬೆಳಕಿನ ಮುಂದೆ ಮಸಿ ಸುರಿದಂತೆ ನಿಂತ ಮರಗಳಿವೆ. ಇವುಗಳಲ್ಲಿ ಬಹುಪಾಲಿಗೆ ಹೆಸರನ್ನೇ ಇಡಲಿಲ್ಲ. ಪದಗಳ ದೊರೆಯಾದವರು ತಮ್ಮ ಚಿತ್ರಕ್ಕೆ ಒಂದು ಪದವನ್ನೂ ಕೊಡದೆ ಬಿಟ್ಟರಲ್ಲ, ಅದರಲ್ಲೇ ಅರ್ಥವಿದೆ ಎನಿಸುತ್ತದೆ.

ಅವರು ಚಿತ್ರಶಾಲೆಯಲ್ಲಿ ಕಲಿತವರಲ್ಲ. ಆ ಕೊರತೆ ಕಾಣುತ್ತದೆ, ಕಾಣುವುದಿಲ್ಲ ಎಂದರೆ ಸುಳ್ಳಾದೀತು. ನಿಂತ ಮನುಷ್ಯರ ಮೈಗೆ ಉದ್ದನೆಯ ನಿಲುವಂಗಿ ತೊಡಿಸಿ ಕೈಕಾಲುಗಳ ತೊಂದರೆಯನ್ನು ಎಷ್ಟೋ ಕಡೆ ತಪ್ಪಿಸಿಕೊಂಡಿದ್ದಾರೆ. ಕೆಲವು ಚಿತ್ರಗಳು ಬರೀ ಅಲಂಕಾರದ ಬಳ್ಳಿಯಾಗಿ ನಿಂತುಬಿಡುತ್ತವೆ. ಒಂದೇ ಕೂತದಲ್ಲಿ ಮುಗಿಸುವ ಆತುರವೂ ಇದೆ. ಆದರೆ ಒಳ್ಳೆಯ ಚಿತ್ರಗಳಲ್ಲಿ ಎಂಥ ಲಯ! ಕಚೇರಿಯಲ್ಲಿ ನುರಿತ ಗಾಯಕರಿಗೆ ಎಲ್ಲೋ ಒಂದು ಸ್ವರ ಜಾರಿದರೆ ಅವರು ಅಲ್ಲಿ ನಿಲ್ಲುವುದಿಲ್ಲ. ಆ ಸ್ವರವನ್ನು ಮುಂದಿನದಕ್ಕೆ ಹೆಣೆದು, ಅದು ಬೇಕೆಂದೇ ಬಂದದ್ದು ಎನ್ನುವಂತೆ ಮಾಡಿ ಸಮಕ್ಕೆ ತಂದು ನಿಲ್ಲಿಸುತ್ತಾರೆ. ಹೊಡೆದುಹಾಕಿದ ಪದದಿಂದ ಹಕ್ಕಿಯನ್ನು ಎಬ್ಬಿಸಿದ ಕೈ ಅದೇ ಅಭ್ಯಾಸದ್ದು. ಸಂಗೀತದಿಂದ ಅವರು ಚಿತ್ರಕ್ಕೆ ತಂದದ್ದು ಈ ಲಯ ಒಂದನ್ನೇ. ತಮ್ಮ ಹಾಡಿನ ಸೊಬಗನ್ನಾಗಲಿ, ಹಾಡಿನ ಕೀರ್ತಿಯನ್ನಾಗಲಿ ತರಲಿಲ್ಲ. ತಮ್ಮ ಹಾಡುಗಳಿಗೆ ಚಂದದ ಚಿತ್ರ ಬರೆದುಕೊಟ್ಟಿದ್ದರೆ ಮನೆಮನೆಯ ಕ್ಯಾಲೆಂಡರಿನಲ್ಲಿ ತೂಗುತ್ತಿದ್ದವು. ಹಾಗೆ ಮಾಡದೆ, ಹಾಡಿನಲ್ಲಿ ಹೇಳಲಾಗದೆ ಉಳಿದ ಕತ್ತಲನ್ನು ಚಿತ್ರದಲ್ಲಿ ಹೇಳಿದರು.

ವಿಯೆನ್ನಾದ ಸಂಗೀತ ರಚನಕಾರ ಅರ್ನಾಲ್ಡ್ ಷೋನ್‌ಬರ್ಗನ ಕಥೆಯೂ ಇದಕ್ಕೆ ಹತ್ತಿರದ್ದು. ಪಶ್ಚಿಮದ ಸಂಗೀತದ ನೂರಾರು ವರ್ಷಗಳ ಕಟ್ಟುಪಾಡನ್ನು ಮುರಿದವನು ಆತ. 1910ರಲ್ಲಿ ತನ್ನ ಚಿತ್ರಗಳ ಪ್ರದರ್ಶನ ನಡೆಸಿದ. ಅವನ ಚಿತ್ರಗಳಲ್ಲೂ ನಮ್ಮನ್ನು ದಿಟ್ಟಿಸುವ ಮುಖಗಳೇ, ಕಣ್ಣುಗಳೇ. ಜೀವಮಾನವೆಲ್ಲ ಕಿವಿಯಿಂದ ಬದುಕಿದವರು ಕುಂಚ ಹಿಡಿದೊಡನೆ ಕಣ್ಣನ್ನೇ ಬರೆಯುತ್ತಾರಲ್ಲ ಎಂದು ನನಗೆ ಸೋಜಿಗವಾಗುತ್ತದೆ. ಈ ಇಬ್ಬರನ್ನೂ ಮುಂದಿಟ್ಟುಕೊಂಡು ನಾವು ಕೇಳಬೇಕಾದ ಮೊದಲ ಪ್ರಶ್ನೆ ಹೀಗಿದೆ: ಎರಡನೆಯ ಕಲೆ ಮೊದಲನೆಯದು ಹೇಳದ ಏನನ್ನಾದರೂ ಹೇಳುತ್ತಿದೆಯೇ? ಹೇಳುತ್ತಿದ್ದರೆ ಕೈ ನಡುಗಿದರೂ ಪರವಾಗಿಲ್ಲ. ಹೇಳದಿದ್ದರೆ ಅದು ಹೆಸರಿನ ಕೆಳಗಿನ ಒಪ್ಪಂದದ ಅಂಗಡಿ, ಅಷ್ಟೇ.

ಎರಡನೆಯ ಪ್ರಶ್ನೆಯನ್ನು ನಮಗೆ ಕಲಿಸಿಕೊಟ್ಟವರು ನಮ್ಮವರೇ ಆದ ಕೆ. ವೆಂಕಟಪ್ಪನವರು. ಇವರದು ತಿರುಗಿಸಿಟ್ಟ ಕಥೆ: ಹೆಸರಾದ ಚಿತ್ರಗಾರ ಸಂಗೀತಕ್ಕೆ ಹೋದದ್ದು. ಆದರೆ ಹೊಸಿಲು ಅದೇ, ದಾಟುವ ದಿಕ್ಕು ಮಾತ್ರ ಬೇರೆ. ಇನ್ನೂ ಸ್ವಾರಸ್ಯದ ಮಾತೆಂದರೆ ಈ ಎರಡೂ ಕಥೆಗಳ ನಡುವೆ ನಂಟಿದೆ. ವೆಂಕಟಪ್ಪನವರಿಗೆ ಚಿತ್ರ ಕಲಿಸಿದ ಅವನೀಂದ್ರನಾಥ ಠಾಕೂರರು ರವೀಂದ್ರರಿಗೆ ದಾಯಾದಿ ಅಣ್ಣನ ಮಗ. ಅವರಿಗೂ ಸಂಗೀತದ ರುಚಿ ಇತ್ತು; ಎಸ್ರಾಜ್ ನುಡಿಸುತ್ತಿದ್ದರು.

ವೆಂಕಟಪ್ಪನವರು 1886ರಲ್ಲಿ ಮೈಸೂರಿನ ಅರಮನೆಯನ್ನು ನಂಬಿ ಬದುಕಿದ್ದ ಚಿತ್ರಗಾರರ ಮನೆತನದಲ್ಲಿ ಹುಟ್ಟಿದವರು. ನಾಲ್ವಡಿ ಕೃಷ್ಣರಾಜ ಒಡೆಯರು ಈ ಹುಡುಗನ ಕೈಚಳಕ ಕಂಡು 1909ರಲ್ಲಿ ಕಲ್ಕತ್ತೆಯ ಸರ್ಕಾರಿ ಕಲಾಶಾಲೆಗೆ ಕಳಿಸಿಕೊಟ್ಟರು. ಅಲ್ಲಿ ನಂದಲಾಲ್ ಬೋಸ್, ಅಸಿತ್ ಹಲ್ದಾರ್ ಮೊದಲಾದವರ ಜೊತೆಯಲ್ಲಿ ಬೆಳೆದರು. ಸೋದರಿ ನಿವೇದಿತಾ ಆರಂಭಿಸಿ ಆನಂದ ಕುಮಾರಸ್ವಾಮಿಯವರು ಪೂರ್ತಿಗೊಳಿಸಿದ, 1913ರಲ್ಲಿ ಪ್ರಕಟವಾದ ಪುರಾಣಕಥೆಗಳ ಪುಸ್ತಕಕ್ಕೆ ಚಿತ್ರ ಬರೆದವರಲ್ಲಿ ಇವರೂ ಒಬ್ಬರು. 1916ರ ಹೊತ್ತಿಗೆ ಮೈಸೂರಿಗೆ ಮರಳಿದಾಗ ದೇಶಕ್ಕೇ ಗೊತ್ತಾದ ಹೆಸರು ಅವರದಾಗಿತ್ತು.

ಆ ಹೆಸರು ಹೊತ್ತವರು, ಮೂವತ್ತು ದಾಟಿದವರು, ವೈಣಿಕ ಶಿಖಾಮಣಿ ಶೇಷಣ್ಣನವರ ಮುಂದೆ ಹೋಗಿ ಚಾಪೆಯ ಮೇಲೆ ಕುಳಿತು ವೀಣೆ ಕಲಿತರು. ಇದನ್ನು ಸ್ವಲ್ಪ ಮನಸ್ಸಿನಲ್ಲಿ ಕಲ್ಪಿಸಿಕೊಳ್ಳಿ. ನಮ್ಮಲ್ಲಿ ವೀಣೆ ಕಲಿತವರಿಗೆ ಗೊತ್ತು, ಮೊದಲ ತಿಂಗಳುಗಳಲ್ಲಿ ಬೆರಳ ತುದಿ ಹೇಗೆ ಸೀಳುತ್ತದೆ, ಸರಳೆವರಸೆ ಜಂಟಿವರಸೆಗಳನ್ನು ಎಷ್ಟು ಸಲ ಹೊರಳಿಸಬೇಕಾಗುತ್ತದೆ ಎಂದು. ಎಳೆಯ ಬೆರಳಿಗೆ ಬಗ್ಗುವ ತಂತಿ ಬಲಿತ ಬೆರಳಿಗೆ ಬಗ್ಗುವುದಿಲ್ಲ. ಒಂದು ಕಲೆಯಲ್ಲಿ ಗುರುವಿನ ಸ್ಥಾನಕ್ಕೆ ಬಂದವರು ಇನ್ನೊಂದರಲ್ಲಿ ಮಗುವಾಗಲು ಒಪ್ಪುವುದು ಎಲ್ಲರಿಗೂ ಆಗುವ ಕೆಲಸವಲ್ಲ. ಎರಡನೆಯ ಪ್ರಶ್ನೆ ಇದೇ: ಬಂದವರು ಹೊಸಬರಾಗಿ ಬಂದಿದ್ದಾರೆಯೇ, ಇಲ್ಲಾ ಹಳೆಯ ಶಾಲನ್ನು ಹೊದ್ದುಕೊಂಡೇ ಬಂದಿದ್ದಾರೆಯೇ?

ವೆಂಕಟಪ್ಪನವರನ್ನು ಹತ್ತಿದ ವೀಣೆಯ ಗೀಳು ಎಂಥದ್ದೆಂದರೆ ಅದನ್ನೇ ವಸ್ತುವಾಗಿಸಿ, ವೀಣೆಯ ಹುಚ್ಚು ಎಂಬ ಅರ್ಥದ ಹೆಸರಿನ ಒಂದು ಚಿತ್ರವನ್ನೂ ಬರೆದರು. ತನ್ನ ಹುಚ್ಚನ್ನು ತಾನೇ ದೂರ ನಿಂತು ನೋಡಿ ಚಿತ್ರಿಸುವಷ್ಟು ಎಚ್ಚರ ಅವರಿಗಿತ್ತು ಎಂಬುದು ನನಗೆ ಮೆಚ್ಚಿಗೆಯಾದ ಸಂಗತಿ. ಅಷ್ಟು ಸಾಧನೆ ಮಾಡಿದರೂ ವೀಣೆಯಿಂದ ಅವರಿಗೆ ಹೆಸರು ಬರಲಿಲ್ಲ. ಇವತ್ತಿಗೂ ವೆಂಕಟಪ್ಪ ಎಂದರೆ ಚಿತ್ರಗಾರರೇ. ವೀಣೆಗೆ ಕೊಟ್ಟ ಸಾವಿರಾರು ಗಂಟೆಗಳಲ್ಲಿ ಇನ್ನೆಷ್ಟು ಚಿತ್ರಗಳಾಗುತ್ತಿದ್ದವೋ, ಅದು ನಮಗಾದ ನಷ್ಟವಲ್ಲವೇ ಎಂದು ಕೇಳುವವರಿದ್ದಾರೆ. ಲೆಕ್ಕದಲ್ಲಿ ನಷ್ಟವೇ ಇರಬಹುದು.

ಆದರೆ ಕಸ್ತೂರ್ಬಾ ರಸ್ತೆಯಲ್ಲಿ ಅವರ ಹೆಸರಿನಲ್ಲೇ ಕಟ್ಟಿರುವ ಚಿತ್ರಶಾಲೆಗೆ ಸೇರಿದ ಊಟಿ, ಕೊಡೈಕೆನಾಲಿನ ಜಲವರ್ಣದ ದೃಶ್ಯಗಳನ್ನು ನೋಡಿದವರು ಆ ಲೆಕ್ಕವನ್ನು ಮತ್ತೊಮ್ಮೆ ಮಾಡಬೇಕಾಗುತ್ತದೆ. ಕಲ್ಕತ್ತೆಯ ದಿನಗಳಲ್ಲಿ ಅವರು ಬರೆದದ್ದು ಹೆಚ್ಚಾಗಿ ಪುರಾಣದ ಪ್ರಸಂಗಗಳು. ಅಂಚು ಖಚಿತ, ಒಡವೆಯ ಕೆಲಸದಷ್ಟು ನವುರು. ಬೆಟ್ಟದ ಚಿತ್ರಗಳು ಬಂದದ್ದು ವೀಣೆ ಕೈಗೆ ಬಂದ ಮೇಲೆ. ಅಲ್ಲಿ ಕಥೆಯಿಲ್ಲ, ದೇವತೆಗಳಿಲ್ಲ. ಮಂಜು, ಸರೋವರ, ಇಳಿಜಾರಿನ ಮರಗಳು, ಬೆಳಗಿನ ಇಲ್ಲವೇ ಸಂಜೆಯ ಬೆಳಕು. ಒಂದು ಬಣ್ಣ ಎಲ್ಲಿ ಮುಗಿದು ಇನ್ನೊಂದು ಎಲ್ಲಿ ಶುರುವಾಯಿತು ಎಂದು ಬೆರಳಿಟ್ಟು ತೋರಿಸಲಾಗದು. ವೀಣೆಯಲ್ಲಿ ಒಂದು ಮೀಟಿಗೆ ತಂತಿಯನ್ನು ಎಳೆದು ಸ್ವರದಿಂದ ಸ್ವರಕ್ಕೆ ಜಾರುವಾಗಲೂ ಹೀಗೆಯೇ. ಎಲ್ಲಿಂದ ಎಲ್ಲಿಗೆ ದಾಟಿದಿರಿ ಎಂದು ಕಿವಿಗೆ ಗೊತ್ತಾಗುತ್ತದೆ, ದಾಟಿದ ಗೆರೆ ಮಾತ್ರ ಸಿಗದು. ಜಲವರ್ಣಕ್ಕೂ ವೀಣೆಗೂ ಇನ್ನೊಂದು ಹೋಲಿಕೆಯಿದೆ: ಎರಡರಲ್ಲೂ ಅಳಿಸಲಾಗದು. ಕಾಗದ ಕುಡಿದ ನೀರು, ಮೀಟಿದ ಸ್ವರ, ಎರಡೂ ಹಿಂದಕ್ಕೆ ಬರುವುದಿಲ್ಲ. ಈ ಚಿತ್ರಗಳಲ್ಲಿ ವೀಣೆ ಕೇಳುತ್ತದೆ ಎನ್ನುವುದು ನನ್ನ ಓದು. ವೆಂಕಟಪ್ಪನವರು ಹಾಗೆ ಹೇಳಿದ್ದರೆಂದು ನಾನು ಹೇಳುತ್ತಿಲ್ಲ. ನೋಡಿ, ನಿಮಗೆ ಹಾಗೆನಿಸದಿದ್ದರೆ ಬಿಡಿ.

ಉಡುಪಿಯ ಹತ್ತಿರದ ಕಟ್ಟಿಂಗೇರಿಯಲ್ಲಿ 1911ರಲ್ಲಿ ಹುಟ್ಟಿದ ಕೆ. ಕೆ. ಹೆಬ್ಬಾರರು ಇನ್ನೊಂದು ದಾರಿ ಹಿಡಿದರು. ಮುಂಬಯಿಯಲ್ಲಿ ಚಿತ್ರಗಾರರಾಗಿ ನೆಲೆಯೂರಿದ ಮೇಲೆ ಪಂಡಿತ ಸುಂದರ ಪ್ರಸಾದರ ಬಳಿ ಕಥಕ್ ಕಲಿತರು. ಗೆಜ್ಜೆ ಕಟ್ಟಿ ರಂಗಕ್ಕೇರುವ ಆಸೆಯಿಂದಲ್ಲ, ಲಯ ಮೈಗೆ ಹತ್ತಲಿ ಎಂದು. ಆಮೇಲೆ ಅವರು ಬರೆದ ನರ್ತಕರ, ವಾದ್ಯಗಾರರ ರೇಖಾಚಿತ್ರಗಳನ್ನು ನೋಡಿದರೆ ಕಲಿತದ್ದು ಎಲ್ಲಿ ಹೋಯಿತೆಂದು ಕೇಳಬೇಕಾಗಿಲ್ಲ. ಐದಾರು ಗೆರೆಯಲ್ಲಿ ಇಡೀ ದೇಹ ತಿರುಗುತ್ತದೆ. ತಮ್ಮ ರೇಖೆಗಳ ಪುಸ್ತಕಕ್ಕೆ ಹಾಡುವ ರೇಖೆ ಎಂಬ ಅರ್ಥದ ಹೆಸರನ್ನೇ ಇಟ್ಟರು. ಎರಡನೆಯ ಕಲೆಯನ್ನು ಲೋಕಕ್ಕೆ ತೋರಿಸಲೇಬೇಕೆಂದಿಲ್ಲ. ಅದು ಮೊದಲನೆಯದರ ಬೇರಿಗೆ ನೀರಾಗಿಯೂ ಹೋಗಬಹುದು.

ಇಷ್ಟೆಲ್ಲ ಹೇಳಿದ ಮೇಲೆ ನನ್ನನ್ನು ಕಾಡುವ ಒಂದು ಮಾತನ್ನು ಹೇಳದೆ ಮುಂದೆ ಹೋಗಲಾರೆ. ರವೀಂದ್ರರು ಅರವತ್ತೇಳರಲ್ಲಿ ಕುಂಚ ಹಿಡಿದಾಗ ಅವರ ಊಟ, ಬಟ್ಟೆ, ಅತಿಥಿಗಳ ಉಪಚಾರ ನೋಡಿಕೊಳ್ಳಲು ಬೇರೆ ಕೈಗಳಿದ್ದವು. ವೆಂಕಟಪ್ಪನವರು ಮದುವೆಯನ್ನೇ ಆಗದೆ ಸನ್ಯಾಸಿಯಂತೆ ಬದುಕಿ ತಮ್ಮ ಹೊತ್ತನ್ನು ತಾವೇ ಕಾಯ್ದುಕೊಂಡರು. ಎರಡನೆಯ ಕಲೆಗೆ ಮೊದಲು ಬೇಕಾದದ್ದು ಬಣ್ಣವಲ್ಲ, ಹೊತ್ತು. ಆ ಹೊತ್ತು ಹೆಂಗಸಿಗೆ ಎಲ್ಲಿಂದ ಬರಬೇಕು?

ಅದೇ ಠಾಕೂರರ ಮನೆತನದಲ್ಲಿ ಇದಕ್ಕೂ ಒಂದು ಉತ್ತರ ಸಿಗುತ್ತದೆ. ಅವನೀಂದ್ರನಾಥರ ತಂಗಿ ಸುನಯನಿ ದೇವಿ 1875ರಲ್ಲಿ ಹುಟ್ಟಿದವರು. ಹನ್ನೆರಡರ ಹೊತ್ತಿಗೆ ಮದುವೆ. ಅಣ್ಣಂದಿರು ಚಿತ್ರ ಬರೆಯುವುದನ್ನು ನೋಡಿದ್ದೇ ಆಕೆಗೆ ಪಾಠ. ಯಾವ ಶಾಲೆಗೂ ಕಳಿಸಿದವರಿಲ್ಲ. ಮೂವತ್ತರ ಸುಮಾರಿಗೆ, ತುಂಬಿದ ಸಂಸಾರದ ನಡುವೆಯೇ, ಕುಂಚ ಹಿಡಿದರು. 1922ರಲ್ಲಿ ಕಲ್ಕತ್ತೆಯಲ್ಲಿ ಜರ್ಮನಿಯ ಹೊಸ ಕಲಾವಿದರ ಚಿತ್ರಗಳನ್ನು ತರಿಸಿ ಒಂದು ದೊಡ್ಡ ಪ್ರದರ್ಶನ ಮಾಡಿದಾಗ ಆಕೆಯ ಚಿತ್ರಗಳೂ ಅಲ್ಲಿದ್ದವು. ಹಾಗೆ ಬಂದಿದ್ದ ಹೊರನಾಡಿನ ಚಿತ್ರಗಳಲ್ಲಿ ಪಾಲ್ ಕ್ಲೇಯ ಚಿತ್ರಗಳಿದ್ದವು. ಕ್ಲೇ ಪಿಟೀಲು ವಾದಕ, ಸಂಗೀತಗಾರರ ಮನೆಯಲ್ಲಿ ಹುಟ್ಟಿ ಚಿತ್ರಕ್ಕೆ ಬಂದವನು. ಹೊರನಾಡಿನ ಪಿಟೀಲುಗಾರನ ಚಿತ್ರ, ಒಳಮನೆಯ ಗೃಹಿಣಿಯ ಚಿತ್ರ ಒಂದೇ ಪ್ರದರ್ಶನದಲ್ಲಿ! ಅಲ್ಲಿ ಆಕೆಯನ್ನು ಇಂಥವರ ತಂಗಿ ಎಂದು ಮಾತ್ರ ನೋಡದೆ ಚಿತ್ರಗಾರ್ತಿ ಎಂದು ನೋಡಿದವರಿದ್ದರು.

ಈಗ ನಮ್ಮ ಮನೆಗಳ ಮಾತಿಗೆ ಬರುತ್ತೇನೆ. ನಮ್ಮ ಉತ್ತರಹಳ್ಳಿಯ ಬೀದಿಯಲ್ಲಿ ಒಬ್ಬ ವೀಣೆ ಟೀಚರ್ ಇದ್ದಾರೆ. ಚಿಕ್ಕಲ್ಲಸಂದ್ರದಿಂದ, ಪದ್ಮನಾಭನಗರದಿಂದೆಲ್ಲ ಹುಡುಗಿಯರು ಬಂದು ಅವರಲ್ಲಿ ಪಾಠ ಹೇಳಿಸಿಕೊಂಡು ಹೋಗುತ್ತಿದ್ದರು. ಊರಿನವರಿಗೆ ಅವರು ಗೊತ್ತಿರುವುದು ವೀಣೆಯಿಂದಲೇ. ಬೆರಳ ಗಂಟು ನೋಯತೊಡಗಿ ಪಾಠ ಕಡಿಮೆ ಮಾಡಿದ ಮೇಲೆ, ಅರವತ್ತು ದಾಟಿದವರು, ಜಲವರ್ಣದ ಡಬ್ಬಿ ತಂದು ಚಿತ್ರ ಬರೆಯತೊಡಗಿದರು. ತುರಹಳ್ಳಿ ಕಾಡಿನ ಬಂಡೆಗಳು, ವಸಂತಪುರದ ಗುಡ್ಡ ಮತ್ತು ದೇವಸ್ಥಾನ, ಮಳೆ ಬಂದು ನಿಂತಾಗಿನ ಕೆಂಪು ಮಣ್ಣಿನ ರಸ್ತೆ. ಒಂದು ದಸರೆಗೆ ಗೊಂಬೆ ಕೂರಿಸಿದಾಗ ಅದರ ಪಕ್ಕದ ಗೋಡೆಗೆ ಆರು ಚಿತ್ರಗಳನ್ನು ಒರಗಿಸಿಟ್ಟಿದ್ದರು.

ಅರಿಶಿನ ಕುಂಕುಮಕ್ಕೆ ಬಂದವರೆಲ್ಲ ಗೊಂಬೆ ನೋಡಿದರು, ಚಿತ್ರಗಳ ಕಡೆಗೂ ಒಮ್ಮೆ ಕಣ್ಣು ಹಾಯಿಸಿದರು. ‘ತುಂಬಾ ಚೆನ್ನಾಗಿದೆ ಟೀಚರ್, ಹೊತ್ತು ಹೋಗತ್ತಲ್ವಾ’ ಎಂದರು. ‘ಈ ವಯಸ್ಸಲ್ಲೂ ಎಷ್ಟು ಉತ್ಸಾಹ ನಿಮಗೆ’ ಎಂದರು. ಕಡಲೆ ಉಸಲಿಯ ಪೊಟ್ಟಣ ಹಿಡಿದು ಹೊರಟರು. ಟೀಚರ್ ಎಲ್ಲರಿಗೂ ನಗುತ್ತಲೇ ಇದ್ದರು. ಆಗ ಪಕ್ಕದ ಮನೆಗೆ ಹೊಸದಾಗಿ ಬಂದಿದ್ದ ಸೊಸೆ ಬಂಡೆಯ ಚಿತ್ರದ ಮುಂದೆ ಕುಕ್ಕರುಗಾಲಲ್ಲಿ ಕುಳಿತು ಸುಮಾರು ಹೊತ್ತು ನೋಡಿ, ‘ಟೀಚರ್, ಈ ಬಂಡೆಗೆ ಭಾರಾನೇ ಇಲ್ವಲ್ಲ. ನೆಲದ ಮೇಲೆ ಕೂತಿಲ್ಲ, ತೇಲ್ತಾ ಇದೆ’ ಎಂದಳು. ಹುಡುಗಿಯ ಅತ್ತೆಗೆ ಮುಖ ಎಲ್ಲಿಡಬೇಕೋ ತಿಳಿಯಲಿಲ್ಲ. ಟೀಚರ್ ಮಾತ್ರ ಅವಳ ಪಕ್ಕದಲ್ಲೇ ಕುಳಿತು, ‘ಹೌದು ಕಣಮ್ಮ, ನಂಗೂ ಏನೋ ಸರಿ ಇಲ್ಲ ಅನ್ಸಿತ್ತು. ನೆರಳಿಂದ ಹಾಗಾಗಿದೆಯಾ ಹೇಳು’ ಎಂದು ಕೇಳಿದರು. ಬಂದವರಿಗೆ ತಾಂಬೂಲ ಕೊಡುವುದನ್ನು ಮರೆತು ಇಬ್ಬರೂ ಅರ್ಧ ಗಂಟೆ ಆ ಬಂಡೆಯ ಬುಡದ ನೆರಳಿನ ವಿಚಾರ ಮಾತಾಡಿದರು. ಆ ಸಂಜೆ ಅವರ ಮುಖದಲ್ಲಿ ನಾನು ನಿಜವಾದ ಸಂತೋಷ ಕಂಡದ್ದು ಆ ಅರ್ಧ ಗಂಟೆಯಲ್ಲಿ ಮಾತ್ರ.

ಅಂದಿನಿಂದ ‘ಹವ್ಯಾಸ’ ಎಂಬ ಪದದ ಮೇಲೆ ನನಗೊಂದು ಅನುಮಾನ. ಹೆಸರಾದ ಗಾಯಕರು ಚಿತ್ರ ಬರೆದರೆ ಅದು ‘ಬಹುಮುಖ ಪ್ರತಿಭೆ’. ವೀಣೆ ಟೀಚರ್ ಬರೆದರೆ ಅದು ‘ಹವ್ಯಾಸ’. ಮೊದಲನೆಯದು ಏಣಿ ಹತ್ತಿಸುತ್ತದೆ, ಎರಡನೆಯದು ತಲೆ ಸವರುತ್ತದೆ. ಕೇಳಲು ಎರಡೂ ಹೊಗಳಿಕೆಯೇ. ಆದರೆ ಇಬ್ಬರಿಗೂ ಆಗುವ ಅನ್ಯಾಯ ಒಂದೇ ಜಾತಿಯದು. ಒಬ್ಬರಿಗೆ ಹೆಸರಿನ ಮುಲಾಜಿಗೆ ‘ಅದ್ಭುತ’, ಇನ್ನೊಬ್ಬರಿಗೆ ಪಾಪ ಎನ್ನುವ ಮುಲಾಜಿಗೆ ‘ಚೆನ್ನಾಗಿದೆ’. ಆ ಚಿತ್ರಕ್ಕೆ ನಾವು ಎರಡು ನಿಮಿಷದ ನಮ್ಮ ಕಣ್ಣನ್ನೂ ಕೊಡಲಿಲ್ಲ ಎಂಬುದು ಇಬ್ಬರಿಗೂ ಒಳಗೊಳಗೇ ಗೊತ್ತಿರುತ್ತದೆ.

ಹಾಗೆಂದು ಕಂಡಕಂಡವರ ಚಿತ್ರದಲ್ಲಿ ಹುಳುಕು ಹುಡುಕಬೇಕೆಂದು ನಾನು ಹೇಳುತ್ತಿಲ್ಲ. ಕೊಂಕು ನುಡಿಯುವವರಿಗೂ ಚಿತ್ರ ನೋಡುವ ಕಷ್ಟ ಬೇಕಾಗಿಲ್ಲ. ಬಾಯಿ ಇದ್ದರೆ ಸಾಕು. ಆ ಸೊಸೆ ಹೇಳಿದ್ದು ಕೊಂಕಲ್ಲ. ಬಂಡೆಯನ್ನು ಟೀಚರ್ ಬರೆದಷ್ಟೇ ಶ್ರದ್ಧೆಯಿಂದ ಅವಳು ನೋಡಿದ್ದಳು, ಆದ್ದರಿಂದ ಆ ಮಾತಿಗೆ ತೂಕವಿತ್ತು. ಚಿತ್ರಕಲಾ ಪರಿಷತ್ತಿನ ಪ್ರದರ್ಶನಕ್ಕೆ ಹೋದಾಗ, ಜನವರಿಯ ಚಿತ್ರಸಂತೆಯಲ್ಲಿ ಕುಮಾರಕೃಪಾ ರಸ್ತೆಯ ಉದ್ದಕ್ಕೂ ನಡೆಯುವಾಗ, ನಾನು ಈಗ ಒಂದು ಪದ್ಧತಿ ಇಟ್ಟುಕೊಂಡಿದ್ದೇನೆ. ಮೊದಲು ಚಿತ್ರ, ಆಮೇಲೆ ಬರೆದವರ ಹೆಸರಿನ ಚೀಟಿ. ಚಿತ್ರ ಏನನ್ನಾದರೂ ಹೇಳಿತೇ, ಬರೆದವರು ಕಲಿಯುವ ಮನಸ್ಸಿ­ನಿಂದ ಕುಳಿತಿದ್ದರೇ ಎಂದು ಕೇಳಿಕೊಂಡ ಮೇಲೆಯೇ ಚೀಟಿಯ ಕಡೆ ಬಗ್ಗುತ್ತೇನೆ. ಹೆಸರು ದೊಡ್ಡದಾಗಿದ್ದರೆ ಬೆರಗಾಗುತ್ತದೆ, ಕಂಡರಿಯದ ಹೆಸರಾಗಿದ್ದರೆ ಇನ್ನೂ ಬೆರಗಾಗುತ್ತದೆ.

ರವೀಂದ್ರರ ಕಾಟುಗಳನ್ನು ಒಕಾಂಪೊ ನೋಡದೆ ಪುಟ ಮಗುಚಿದ್ದರೆ ಏನಾಗುತ್ತಿತ್ತೋ ಹೇಳಬಲ್ಲವರು ಯಾರು? ಆಕೆ ಕವಿಯ ಹೆಸರನ್ನು ಬಲ್ಲವಳೇ, ಅಭಿಮಾನಿಯೇ. ಆದರೂ ಆ ಹೊತ್ತಿನಲ್ಲಿ ಪದ್ಯವನ್ನು ಬಿಟ್ಟು ಕಾಟನ್ನು ನೋಡಿದಳು. ನಮ್ಮ ಮನೆಯಲ್ಲೇ ಅಮ್ಮನೋ ಅತ್ತಿಗೆಯೋ ಬೀರುವಿನ ಮೇಲಿಟ್ಟ ವೀಣೆಯನ್ನು ಇಳಿಸಿದಾಗ, ಮೊಮ್ಮಗುವಿನ ಬಣ್ಣದ ಡಬ್ಬಿಯಲ್ಲಿ ತಾವೂ ಕುಂಚ ಅದ್ದಿದಾಗ, ‘ಹೊತ್ತು ಹೋಗತ್ತೆ ಬಿಡಿ’ ಎನ್ನುವ ಮೊದಲು ಅಷ್ಟು ಕೆಲಸ ನಮ್ಮಿಂದಲೂ ಆಗಬೇಕು. ಚಿತ್ರದ ಎದುರು ಕುಳಿತು, ಬಂಡೆ ನೆಲದ ಮೇಲೆ ಕೂತಿದೆಯೋ ಇಲ್ಲವೋ ಎಂದು ನೋಡಬೇಕು. ನೋಡಿದ್ದನ್ನು ಬರೆದವರಿಗೆ ಹೇಳಬೇಕು.